ಶುಕ್ರವಾರ ಹತ್ತೂವರೆಯಿಂದ ಹನ್ನೆರಡು

ಬಸವನಗುಡಿಯ ಸದ್ಬೋಧಿನೀ ಸಭೆಯಲ್ಲಿ ನಾನು ಹದಿನಾಲ್ಕು ವರ್ಷದಿಂದ ಕಚೇರಿಯ ಗುಮಾಸ್ತೆ. ಸಭೆಗೆ ಒಂದು ಕಾಲೇಜು, ಒಂದು ಹುಡುಗಿಯರ ಹಾಸ್ಟೆಲು, ಒಂದು ಕಲ್ಯಾಣ ಮಂಟಪ ಇವೆ. ಇವೆಲ್ಲದರ ಮೇಲೆ ಚಕ್ರಪಾಣಿಯವರು ಇದ್ದಾರೆ. ಅವರು ಗೌರವ ಕಾರ್ಯದರ್ಶಿ. ಗೌರವ ಎಂದರೆ ಸಂಬಳವಿಲ್ಲ ಎಂದು ಅರ್ಥ. ಬ್ಯಾಂಕಿನ ಪಿಂಚಣಿಯಲ್ಲಿ ನೆಮ್ಮದಿಯಾಗಿರುವ ಅವರಿಗೆ, ಸಂಬಳವಿಲ್ಲದೆ ದುಡಿಯುವುದರಲ್ಲಿ ಎಷ್ಟು ಪುಣ್ಯವಿದೆ ಎಂಬುದು ಚೆನ್ನಾಗಿ ಗೊತ್ತು. ಆ ಪುಣ್ಯವನ್ನು ತಾವೊಬ್ಬರೇ ಕಟ್ಟಿಕೊಳ್ಳುವಷ್ಟು ಸ್ವಾರ್ಥ ಅವರಿಗಿಲ್ಲ. ಹೀಗಾಗಿ ನಮ್ಮಲ್ಲಿ ಕಸ ಗುಡಿಸುವ ಇಪ್ಪತ್ತಾರು ಹೆಂಗಸರಿಗೂ ಮೂರು ತಿಂಗಳ ಕಾಲ ಅದರಲ್ಲಿ ಪಾಲು ಸಿಕ್ಕಿತು.

ಸಭೆಯ ಒಂದು ಪದ್ಧತಿಯನ್ನು ಮೊದಲೇ ಹೇಳಿಬಿಡುತ್ತೇನೆ. ನಮ್ಮಲ್ಲಿ ರಾಹುಕಾಲದಲ್ಲಿ ಹಣ ಕೈ ಬದಲಾಗುವುದಿಲ್ಲ, ಸಹಿ ಬೀಳುವುದಿಲ್ಲ. ರಾಹುಕಾಲ ಶುರುವಾಗುವ ಐದು ನಿಮಿಷ ಮೊದಲು ಚಕ್ರಪಾಣಿಯವರು ಹಣದ ಡ್ರಾಯರಿಗೆ ಬೀಗ ಹಾಕಿ, ಕೀಲಿಯನ್ನು ಪಂಚೆಯ ಮಡಿಕೆಗೆ ಸಿಕ್ಕಿಸಿಕೊಂಡು, ದೇವಸ್ಥಾನಕ್ಕೆ ಹೋಗುತ್ತಾರೆ. ಫೀಸು ಕಟ್ಟುವ ಕಿಟಕಿಗೆ ನಾನು ‘ಸರ್ವರ್ ಡೌನ್’ ಎಂಬ ಫಲಕ ನೇತುಹಾಕುತ್ತೇನೆ. ಸೋಮವಾರ ಬೆಳಿಗ್ಗೆ, ಗುರುವಾರ ಮಧ್ಯಾಹ್ನ, ಶುಕ್ರವಾರ ಹತ್ತೂವರೆಗೆ, ಹೀಗೆ ನಮ್ಮ ಸರ್ವರ್ ಪಂಚಾಂಗ ನೋಡಿಕೊಂಡೇ ಕೆಡುತ್ತದೆ. ಇಷ್ಟು ಶಿಸ್ತಿನ ಸರ್ವರ್ ಈ ಊರಿನ ಯಾವ ಕಂಪನಿಯಲ್ಲೂ ಇರಲಾರದು.

ಹಿಂದೆ ಗುಡಿಸುವವರು ಸಭೆಯ ಸ್ವಂತ ನೌಕರರೇ ಆಗಿದ್ದರು. ಅವರು ಒಬ್ಬೊಬ್ಬರಾಗಿ ನಿವೃತ್ತರಾದ ಮೇಲೆ ಕೆಲಸವನ್ನು ಗುತ್ತಿಗೆಗೆ ಕೊಟ್ಟರು. ಮುನಿಯಮ್ಮ ಹನ್ನೊಂದು ವರ್ಷದಿಂದ ಇಲ್ಲಿ ಗುಡಿಸುತ್ತಿದ್ದಾಳೆ. ಅಷ್ಟರಲ್ಲಿ ಅವಳ ಕೊರಳಿನ ಗುರುತುಚೀಟಿಯ ಮೇಲೆ ನಾಲ್ಕು ಗುತ್ತಿಗೆದಾರರ ಹೆಸರು ಬದಲಾಗಿವೆ. ಮೆಟ್ಟಿಲು, ಪಾಯಿಖಾನೆ, ಮದುವೆಯ ಮಾರನೆಯ ದಿನದ ಬಾಳೆಲೆಯ ರಾಶಿ ಬದಲಾಗಿಲ್ಲ. ನಾಲ್ಕನೆಯ ಗುತ್ತಿಗೆದಾರನ ಹೆಸರು ಲೋಹಿತ್. ಕಪ್ಪು ಕನ್ನಡಕ, ಬಿಳಿ ಕಾರು, ಎರಡೂ ಕೈ ಜೋಡಿಸಿ ನಮಸ್ಕಾರ. ಚಕ್ರಪಾಣಿಯವರಿಗೆ ಅವನ ದರ ಇಷ್ಟವಾಯಿತು. ಉಳಿದವರಿಗಿಂತ ಅಷ್ಟು ಕಡಿಮೆಗೆ ಅವನಿಗೆ ಹೇಗೆ ಗಿಟ್ಟುತ್ತದೆ ಎಂದು ಕೇಳುವುದು ಅಸಭ್ಯತೆ ಎಂದು ಯಾರೂ ಕೇಳಲಿಲ್ಲ.

ಒಪ್ಪಂದಕ್ಕೆ ಸಹಿಯಾದ ದಿನ ಅವರು ನನ್ನನ್ನು ಒಳಗೆ ಕರೆದರು.

“ನೋಡಮ್ಮಾ ಶ್ರೀವಿದ್ಯಾ, ಲೋಹಿತ್ ಸಂಬಳ ಹಂಚೋವಾಗ ನಮ್ಮ ಕಡೆಯಿಂದ ಒಬ್ಬರು ಎದುರಿಗೆ ಇರ್ಬೇಕಂತೆ. ಕಾನೂನು. ಎಲ್ಲರಿಗೂ ನನ್ನೆದುರಿಗೇ ಕೊಟ್ಟಿದಾರೆ ಅಂತ ರಿಜಿಸ್ಟರಲ್ಲಿ ಬರೆದು ಸಹಿ ಹಾಕ್ಬೇಕು. ನಿನ್ನ ಹೆಸರು ಕೊಟ್ಟಿದೀನಿ.”

“ನಾನಾ ಸಾರ್? ನನಗೆ ಅದೆಲ್ಲ...”

“ಸುಮ್ನೆ ಫಾರ್ಮಾಲಿಟಿ. ನಿನ್ನ ಅಕ್ಷರ ದುಂಡಗಿದೆ, ಅದಕ್ಕೇ.”

ನಾನು ಮನೆಯಿಂದ ಹೊರಟ ಮೇಲೆ ಗ್ಯಾಸ್ ಆಫ್ ಮಾಡಿದೆನೋ ಇಲ್ಲವೋ ಎಂದು ಬೀದಿಯ ತಿರುವಿನಿಂದ ವಾಪಸ್ ಹೋಗಿ ನೋಡುವವಳು. ಆ ನೇಮಕದ ಪತ್ರವನ್ನು ನಾಲ್ಕು ಸಲ ಓದಿದೆ. ಗುತ್ತಿಗೆದಾರ ಸಂಬಳ ಕೊಡದಿದ್ದರೆ ‘ಪ್ರಧಾನ ಉದ್ಯೋಗದಾತ’ ಪೂರ್ತಿ ಕೊಡಬೇಕು, ಆಮೇಲೆ ಗುತ್ತಿಗೆದಾರನಿಂದ ವಸೂಲಿ ಮಾಡಿಕೊಳ್ಳಬೇಕು ಎಂದು ಅದರಲ್ಲಿತ್ತು. ಪ್ರಧಾನ ಉದ್ಯೋಗದಾತ ಎಂದರೆ ಸಭೆ. ಚಕ್ರಪಾಣಿಯವರು ಆ ಪುಟದಲ್ಲಿ ‘ಪ್ರಧಾನ’ ಎಂಬ ಪದದವರೆಗೆ ಓದಿ ಸಂತೋಷಪಟ್ಟಿದ್ದರು.

ಮೊದಲ ಕೆಲವು ತಿಂಗಳು ಕಲ್ಯಾಣ ಮಂಟಪದ ಹಿಂದಿನ ಜನರೇಟರ್ ಶೆಡ್ಡಿನ ಬಳಿ ನಾನು ನಿಜವಾಗಿಯೂ ನಿಂತೆ. ಲೋಹಿತನ ಸೂಪರ್‌ವೈಸರ್ ಆಂಜಿನಯ್ಯ ಹೆಸರು ಕೂಗುತ್ತಿದ್ದ, ಹೆಂಗಸರು ನೋಟು ಎಣಿಸಿ ಸೆರಗಿನ ಗಂಟಿಗೆ ಹಾಕಿಕೊಳ್ಳುತ್ತಿದ್ದರು, ನಾನು ಡೀಸೆಲ್ ವಾಸನೆಯಲ್ಲಿ ನಿಂತು ನೋಡುತ್ತಿದ್ದೆ. ಆಮೇಲೆ ಲೋಹಿತನಿಗೆ ನನ್ನ ಆರೋಗ್ಯದ ಚಿಂತೆ ಹತ್ತಿತು.

“ಮೇಡಂ, ನೀವ್ಯಾಕೆ ಬಿಸಿಲಲ್ಲಿ ನಿಲ್ತೀರ? ಚಾಮರಾಜಪೇಟೆ ಆಫೀಸಲ್ಲೇ ಕೊಟ್ಬಿಡ್ತೀನಿ. ರಿಜಿಸ್ಟರ್ ನಿಮ್ಮ ಟೇಬಲ್‌ಗೇ ಬರುತ್ತೆ.”

ಚಕ್ರಪಾಣಿಯವರನ್ನು ಕೇಳಿದೆ. “ಅಷ್ಟೊಂದು ಅನುಮಾನ ಒಳ್ಳೇದಲ್ಲಮ್ಮ” ಎಂದರು.

ಹೀಗೆ ರಿಜಿಸ್ಟರ್ ಟೇಬಲಿಗೆ ಬರತೊಡಗಿತು. ಪ್ರತಿ ತಿಂಗಳ ಮೊದಲ ಶುಕ್ರವಾರ ಹತ್ತೂವರೆ ದಾಟಿದ ಮೇಲೆ ಆಂಜಿನಯ್ಯ ಅದನ್ನು ತರುತ್ತಿದ್ದ. ಹೆಂಗಸರ ಸಹಿ, ಹೆಬ್ಬೆಟ್ಟು ಮೊದಲೇ ಬಿದ್ದಿರುತ್ತಿದ್ದವು. ಸಹಿ ಹಾಕದೆ ಬಿಲ್ ಪಾಸಾಗುವುದಿಲ್ಲ, ಬಿಲ್ ಪಾಸಾಗದೆ ಸಂಬಳವಿಲ್ಲ ಎಂದು ಅವರಿಗೆ ಹೇಳಲಾಗಿತ್ತು. ಕೊನೆಯಲ್ಲಿ ಅಚ್ಚಾದ ಒಂದು ವಾಕ್ಯ: ‘ಮೇಲ್ಕಂಡ ಮೊತ್ತವನ್ನು ನನ್ನ ಸಮಕ್ಷಮದಲ್ಲಿ ಪಾವತಿಸಲಾಗಿದೆ ಎಂದು ಪ್ರಮಾಣೀಕರಿಸುತ್ತೇನೆ.’ ಕೆಳಗೆ ದಿನಾಂಕ, ಸ್ಥಳ, ಸಮಯ, ಸಹಿ.

ಆ ಹೊತ್ತಿಗೇ ಯಾಕೆ ಎಂದರೆ, ಆಗ ಕಿಟಕಿ ಮುಚ್ಚಿರುತ್ತದೆ, ಚಕ್ರಪಾಣಿಯವರು ದೇವಸ್ಥಾನದಲ್ಲಿರುತ್ತಾರೆ, ಕಚೇರಿಯಲ್ಲಿ ಪೆನ್ನು ಎತ್ತಬಾರದ ಹೊತ್ತು. ಯಾರೂ ನೋಡದ ಹೊತ್ತು. ನಾನು ಧೈರ್ಯಸ್ಥೆಯಲ್ಲ. ಹಾಕುವುದಿಲ್ಲ ಎನ್ನುವ ಧೈರ್ಯವೂ ಇರಲಿಲ್ಲ, ಪೂರ್ತಿ ಸುಳ್ಳು ಬರೆಯುವ ಧೈರ್ಯವೂ ಇರಲಿಲ್ಲ. ಆದ್ದರಿಂದ ಸ್ಥಳ ಎಂಬಲ್ಲಿ ‘ಜನರೇಟರ್ ಶೆಡ್ ಬಳಿ’ ಎಂದು ಸುಳ್ಳು ಬರೆದು, ಸಮಯ ಎಂಬಲ್ಲಿ ಗೋಡೆ ಗಡಿಯಾರ ನೋಡಿ ನಿಜ ಬರೆಯುತ್ತಿದ್ದೆ. ಶುಕ್ರವಾರ, 10.45. ಶುಕ್ರವಾರ, 10.50. ಇಡೀ ಪ್ರಮಾಣಪತ್ರದಲ್ಲಿ ನಿಜವಾದದ್ದು ಅದೊಂದೇ. ಅಷ್ಟಾದರೂ ಇದೆಯಲ್ಲ ಎಂದು ಸಮಾಧಾನಪಟ್ಟುಕೊಂಡು, ಹನ್ನೆರಡಾದ ಮೇಲೆ ಫಲಕ ತೆಗೆದು ಫೀಸು ತೆಗೆದುಕೊಳ್ಳಲು ಕೂರುತ್ತಿದ್ದೆ.

ಜೂನ್ ತಿಂಗಳ ಸಂಬಳ ಬರಲಿಲ್ಲ. ಮುಂದಿನ ತಿಂಗಳು ಸೇರಿಸಿ ಕೊಡುತ್ತಾನೆ ಎಂದು ಆಂಜಿನಯ್ಯ ಹೇಳಿದ. ಜುಲೈನದೂ ಬರಲಿಲ್ಲ. ಆಗಸ್ಟಿನದು ಬರುವ ಮೊದಲು ಲೋಹಿತನ ಫೋನು ಸ್ವಿಚ್ ಆಫ್ ಆಯಿತು. ಚಾಮರಾಜಪೇಟೆಯ ಆಫೀಸಿನಲ್ಲಿ ಈಗ ಯಾರೋ ಮೊಬೈಲ್ ಕವರ್ ಮಾರುತ್ತಿದ್ದಾರೆ. ವಾಟ್ಸ್ಯಾಪಿನ ಫೋಟೋದಲ್ಲಿ ಮಾತ್ರ ಲೋಹಿತ್ ಇನ್ನೂ ಕೈ ಜೋಡಿಸಿಕೊಂಡೇ ಇದ್ದ. ಸಭೆ ಅವನಿಗೆ ಮೂರು ತಿಂಗಳ ಬಿಲ್ಲನ್ನೂ ತಪ್ಪದೆ ಕೊಟ್ಟಿತ್ತು. ಬಿಲ್ಲಿನ ಜೊತೆ ನನ್ನ ದುಂಡಗಿನ ಅಕ್ಷರ ಲಗತ್ತಾಗಿತ್ತಲ್ಲ.

ಹೆಂಗಸರು ಕಚೇರಿಯ ಎದುರು ಬಂದು ನಿಂತರು. ಸಂಬಳ ಕಾಣದ ಆಂಜಿನಯ್ಯನೂ ತಲೆ ತಗ್ಗಿಸಿ ಅವರ ಹಿಂದೆ ನಿಂತಿದ್ದ. ಚಕ್ರಪಾಣಿಯವರು ಹೊರಗೆ ಬಂದು, ಬಹಳ ಮೃದುವಾಗಿ ಮಾತಾಡಿದರು.

“ನೋಡ್ರಮ್ಮಾ, ನೀವು ಲೋಹಿತ್ ಕಡೆಯವ್ರು. ನಮಗೂ ನಿಮಗೂ ಲೆಕ್ಕಪ್ರಕಾರ ಸಂಬಂಧನೇ ಇಲ್ಲ. ನಾನು ನಿಮ್ಮನ್ನ ನೋಡೇ ಇಲ್ಲ ಅಂತ ಇಟ್ಕೊಳ್ಳಿ.”

“ದಿನಾ ನಿಮ್ಮ ಚಪ್ಪಲಿ ಪಕ್ಕಕ್ಕಿಟ್ಟು ಒರೆಸ್ತೀನಲ್ಲ ಸ್ವಾಮಿ” ಎಂದಳು ಮುನಿಯಮ್ಮ.

“ಅದು ನಿಮ್ಮ ಒಳ್ಳೇತನ. ಆಮೇಲೆ ನೋಡಿ, ನಾಳೆ ಮಂಟಪದಲ್ಲಿ ಮುಹೂರ್ತ ಇದೆ. ನಾಲ್ಕು ಗಂಟೆ ಒಳಗೆ ಹಾಲ್ ತೊಳೆದಾಗ್ಬೇಕು. ಮೂಲೆಗೆಲ್ಲ ಫಿನಾಯಿಲ್ ಹಾಕಿ.”

ಸಂಬಂಧವಿಲ್ಲದವರಿಗೆ ಇಷ್ಟು ವಿವರವಾಗಿ ಕೆಲಸ ಹೇಳುವುದು ಎಲ್ಲರಿಗೂ ಬರುವ ವಿದ್ಯೆಯಲ್ಲ.

ಅವರು ಹಾಲ್ ತೊಳೆದರು. ಬಿಟ್ಟರೆ ಬೇರೆ ಗುತ್ತಿಗೆದಾರ ಬೇರೆಯವರನ್ನು ತರುತ್ತಾನೆ ಎಂದು ಅವರಿಗೆ ಗೊತ್ತಿತ್ತು. ಸಂಜೆ ಮುನಿಯಮ್ಮ ಒದ್ದೆ ಸೀರೆಯಲ್ಲೇ ನನ್ನ ಟೇಬಲಿನ ಹತ್ತಿರ ಬಂದಳು. ಅವಳ ಕಿವಿ ನೋಡಿದೆ. ಓಲೆ ಇದ್ದ ಜಾಗದಲ್ಲಿ ಪೊರಕೆಕಡ್ಡಿಯ ಎರಡು ಚೂರು. ನಾನು ಇಂಥದ್ದನ್ನೆಲ್ಲ ಬೇಗ ಗಮನಿಸುತ್ತೇನೆ, ಗಮನಿಸಿ ಸುಮ್ಮನಿರುತ್ತೇನೆ.

“ಕಾಟನ್‌ಪೇಟೆ ಗಿರವಿ ಅಂಗ್ಡೀಲಿ ಇಟ್ಟಿದೀನಿ” ಎಂದಳು ನನ್ನ ಕಣ್ಣು ಹೋದ ಕಡೆ ನೋಡಿ. “ಬಾಡಿಗೆ ಕಟ್ಬೇಕಿತ್ತು. ಹೋಗ್ಲಿ ಬಿಡಿ. ಅಮ್ಮಾ, ಒಂದು ಮಾತು ಕೇಳ್ಲಾ? ನನ್ನ ಸಂಬಳ ಕೊಟ್ಟಿದ್ದನ್ನ ನೀವು ನೋಡಿದೀರಂತೆ. ಸ್ವಾಮಿಗಳು ಹೇಳಿದ್ರು, ಬರೆದು ಕೊಟ್ಟಿದೀರಂತೆ.”

ನಾನು ಪೆನ್ನಿನ ಮುಚ್ಚಳ ಹುಡುಕತೊಡಗಿದೆ.

“ಜಗಳ ಆಡಕ್ಕೆ ಬಂದಿಲ್ಲಮ್ಮ. ನನಗೆ ಮರೆವು ಜಾಸ್ತಿ. ನೀವು ಓದಿದೋರು, ಕಣ್ಣಾರೆ ನೋಡಿದೋರು. ಅದಕ್ಕೇ ಕೇಳ್ತಿದೀನಿ. ಅವನು ಯಾವ ಕೈಲಿ ಕೊಟ್ಟ? ಬಲಗೈಲೋ, ಎಡಗೈಲೋ?”

ಅವಳ ಹಿಂದೆ ಬಂದು ನಿಂತಿದ್ದ, ಜೊತೆಗೆ ಗುಡಿಸುವ ಸುಬ್ಬಮ್ಮ ಕಿಸಕ್ಕನೆ ನಕ್ಕಳು. “ಎಡಗೈಲೇ ಕೊಟ್ಟಿರ್ಬೇಕು ಕಣಕ್ಕಾ, ಅದಕ್ಕೇ ನಿಲ್ಲಲಿಲ್ಲ.”

ಮುನಿಯಮ್ಮ ನಗಲಿಲ್ಲ. ಉತ್ತರಕ್ಕೆ ಕಾದಳು. ಆಮೇಲೆ, “ನೆನಪು ಮಾಡ್ಕೊಂಡು ಹೇಳಿ, ಅವಸರ ಇಲ್ಲ” ಎಂದು ಬಕೆಟ್ ಎತ್ತಿಕೊಂಡು ಹೋದಳು.

ಆ ರಾತ್ರಿ ನನ್ನ ಗಂಡ ಮಧುಸೂದನನಿಗೆ ಎಲ್ಲ ಹೇಳಿದೆ. ಅವನು ಮೊಸರನ್ನದ ತಟ್ಟೆಯಿಂದ ತಲೆ ಎತ್ತಲಿಲ್ಲ.

“ಸಹಿ ಹಾಕೋ ಮುಂಚೆ ಓದ್ಬೇಕಲ್ವಾ?”

“ಓದಿದ್ದೆ. ಅದೇ ತೊಂದ್ರೆ.”

“ಮಗಳ ಫೀಸು ಇನ್ನೂ ಎರಡು ಕಂತು ಇದೆ. ಈಗ ಹರಿಶ್ಚಂದ್ರ ಆಗೋಕೆ ಹೋಗ್ಬೇಡ.”

“ಆಗಲ್ಲ” ಎಂದೆ. ಎದ್ದು ಹೋಗಿ ಗ್ಯಾಸ್ ನೋಡಿ ಬಂದೆ.

ಹೆಂಗಸರು ಕಾರ್ಮಿಕ ಅಧಿಕಾರಿಗೆ ಅರ್ಜಿ ಕೊಟ್ಟರು. ಮೂರು ವಾರಕ್ಕೆ ವಿಚಾರಣೆಯ ನೋಟೀಸು ಬಂತು. ಚಕ್ರಪಾಣಿಯವರು ಕಿಂಚಿತ್ತೂ ಗಾಬರಿಯಾಗಲಿಲ್ಲ. ಆಟೋದಲ್ಲಿ ನನ್ನ ಪಕ್ಕ ಕೂತು, ಮೂರು ರಿಜಿಸ್ಟರುಗಳನ್ನು ತೊಡೆಯ ಮೇಲಿಟ್ಟುಕೊಂಡು, ದಾರಿಯುದ್ದಕ್ಕೂ ಪಾಠ ಹೇಳಿದರು.

“ನೀನು ಜಾಸ್ತಿ ಮಾತಾಡೋದೇ ಬೇಡಮ್ಮ. ಸಹಿ ನಿಂದಾ ಅಂತ ಕೇಳ್ತಾರೆ, ಹೌದು ಅನ್ನು. ಅಷ್ಟೇ. ಸತ್ಯನೇ ಅಲ್ವಾ?”

“ಹೌದು ಸಾರ್. ಆದ್ರೆ...”

“ಆದ್ರೆ ಅನ್ನೋ ಪದ ಕಚೇರೀಲಿ ಉಪಯೋಗಿಸ್ಬಾರ್ದು.”

ಅಧಿಕಾರಿ ಶಿವಕುಮಾರಿ ಎಂಬುವರು. ಐವತ್ತರ ಹತ್ತಿರದ ವಯಸ್ಸು, ಕೊರಳಲ್ಲಿ ಸರಕ್ಕೆ ಕಟ್ಟಿದ ಕನ್ನಡಕ, ಮುಖದಲ್ಲಿ ಬೆಳಿಗ್ಗೆಯಿಂದ ಹದಿನೈದು ಸುಳ್ಳು ಕೇಳಿದವರ ದಣಿವು. ಒಂದು ಕಡೆ ನಾವಿಬ್ಬರು ಕುರ್ಚಿಯಲ್ಲಿ. ಇನ್ನೊಂದು ಕಡೆ ಮುನಿಯಮ್ಮ, ಸುಬ್ಬಮ್ಮ, ಆಂಜಿನಯ್ಯ. ಅವರಿಗೂ ಕುರ್ಚಿ ಇತ್ತು, ಆದರೆ ಚಕ್ರಪಾಣಿಯವರ ಎದುರು ಕೂತು ಅಭ್ಯಾಸವಿಲ್ಲದೆ ನಿಂತೇ ಇದ್ದರು.

“ಗುತ್ತಿಗೆದಾರ ಕೊಟ್ಟಿಲ್ಲ ಅಂತ ಇವ್ರು ಹೇಳ್ತಾರೆ. ಕೊಡದಿದ್ರೆ ನೀವು ಕೊಡ್ಬೇಕು. ನೀವು ಪ್ರಧಾನ ಉದ್ಯೋಗದಾತರು” ಎಂದರು ಅಧಿಕಾರಿ.

“ಪ್ರಧಾನ ಏನೋ ಹೌದು ಮೇಡಂ, ತಾವು ಹೇಳಿದ್ದು ಸಂತೋಷ. ಆದರೆ ಆತ ಕೊಟ್ಟಿದಾನಲ್ಲ! ಇಗೋ, ಇವರದೇ ಸಹಿಗಳು. ಇಗೋ, ನಮ್ಮ ಪ್ರತಿನಿಧಿಯ ಪ್ರಮಾಣಪತ್ರ. ಅವಳ ಸಮಕ್ಷಮದಲ್ಲೇ ಪಾವತಿ ಆಗಿದೆ. ನಾವು ಸಾಮಾನ್ಯ ಸಂಸ್ಥೆಯಲ್ಲ, ನೂರು ವರ್ಷದ ಹತ್ತಿರ ಬಂದಿರೋ ಸಭೆ.”

ಶಿವಕುಮಾರಿ ರಿಜಿಸ್ಟರನ್ನು ನನ್ನ ಕಡೆ ತಿರುಗಿಸಿದರು. “ಸಹಿ ನಿಮ್ದಾ?”

“ಹೌದು.”

ಪಕ್ಕದಲ್ಲಿ ಚಕ್ರಪಾಣಿಯವರು ನೆಮ್ಮದಿಯಾಗಿ ಉಸಿರು ಬಿಟ್ಟದ್ದು ಕೇಳಿಸಿತು.

“ನೀವು ಅಲ್ಲಿ ಇದ್ರಾ?”

ನಾನು ಇಷ್ಟು ಹೊತ್ತು ಯಾರ ಮುಖವನ್ನೂ ನೋಡಿರಲಿಲ್ಲ. ಈಗ ಎದುರಿಗೆ ಪೊರಕೆಕಡ್ಡಿಯ ಎರಡು ಚೂರು ಕಂಡವು. ಇರಲಿಲ್ಲ ಎಂಬುದು ಒಂದೇ ಪದ, ಅದು ಬಾಯಿಯ ತನಕ ಬಂದು, ಮಗಳ ಎರಡು ಕಂತು ನೆನಪಾಗಿ ಅಲ್ಲೇ ನಿಂತಿತು. ಕೊನೆಗೆ ನನ್ನಿಂದ ಹೊರಟದ್ದು ಇಷ್ಟು:

“ಸಮಯ ನೋಡಿ ಮೇಡಂ.”

“ಏನು?”

“ಸಮಯ ಅಂತ ಕಾಲಂ ಇದೆ. ಅದನ್ನ ನಾನೇ ಬರೆದಿದೀನಿ. ಅದು... ಅದನ್ನ ನೋಡಿ.”

ಅವರು ಕನ್ನಡಕ ಏರಿಸಿಕೊಂಡರು. “ಶುಕ್ರವಾರ, ಹತ್ತು ನಲವತ್ತೈದು. ಇದು, ಶುಕ್ರವಾರ, ಹತ್ತು ಐವತ್ತು. ಇದು ಹನ್ನೊಂದು ಐದು, ಶುಕ್ರವಾರವೇ. ಸ್ಥಳ ಮೂರಕ್ಕೂ ನಿಮ್ಮ ಜನರೇಟರ್ ಶೆಡ್. ಏನೀಗ?”

ಮುನಿಯಮ್ಮನ ಮುಖ ಅರಳಿತು.

“ಅಯ್ಯೋ, ಶುಕ್ರವಾರ ಹತ್ತೂವರೆ ಮೇಲಾ? ಅದು ರಾಹುಕಾಲ ಅಲ್ವಾ ಮೇಡಂ! ಆ ಹೊತ್ನಲ್ಲಿ ನಮ್ಮ ಸ್ವಾಮಿಗಳ ಆಫೀಸಲ್ಲಿ ಫಿನಾಯಿಲ್‌ಗೆ ಹತ್ತು ರೂಪಾಯಿ ಕೇಳಿದ್ರೂ ಹುಟ್ಟಲ್ಲ. ಹನ್ನೊಂದು ವರ್ಷದಿಂದ ನೋಡ್ತಿದೀನಿ. ಇಪ್ಪತ್ತಾರು ಜನಕ್ಕೆ ಸಂಬಳ ಕೊಡಕ್ಕೆ ಬಿಡ್ತಾರಾ?”

“ಹೌದೇನ್ರೀ?” ಅಧಿಕಾರಿ ಚಕ್ರಪಾಣಿಯವರ ಕಡೆ ತಿರುಗಿದರು. “ನಿಮ್ಮ ಆವರಣದಲ್ಲಿ ರಾಹುಕಾಲದಲ್ಲಿ ಹಣ ಹಂಚ್ತಾರಾ?”

ಹಂಚುತ್ತಾರೆ ಎಂದಿದ್ದರೆ ಮುಗಿದಿತ್ತು. ನಾಲ್ಕು ಅಕ್ಷರ ಖರ್ಚಾಗುತ್ತಿತ್ತು, ಹತ್ತು ಲಕ್ಷದಷ್ಟು ಉಳಿಯುತ್ತಿತ್ತು. ಚಕ್ರಪಾಣಿಯವರ ಬಾಯಿ ತೆರೆದದ್ದನ್ನೂ ನೋಡಿದೆ. ಆದರೆ ನಲವತ್ತು ವರ್ಷದ ಆಚಾರ ಕಾನೂನಿಗಿಂತ ಮೊದಲು ಎದ್ದು ನಿಂತಿತು.

“ಛೆ ಛೆ! ಏನು ಮಾತು ಮೇಡಂ! ನಾನು ಕಾರ್ಯದರ್ಶಿ ಆದಾಗಿಂದ ಸಭೆಯ ಆವರಣದಲ್ಲಿ ರಾಹುಕಾಲದಲ್ಲಿ ಒಂದು ಪೈಸೆ ಕೈ ಬದಲಾಯಿಸಿಲ್ಲ. ಗುತ್ತಿಗೆದಾರ ಇರ್ಲಿ, ಯಾರೇ ಇರ್ಲಿ. ಬೇಕಾದ್ರೆ ದೇವರ ಮುಂದೆ ಪ್ರಮಾಣ ಮಾಡ್ತೀನಿ!”

“ಬೇಡ, ಇಲ್ಲೇ ಸಾಕು” ಎಂದರು ಶಿವಕುಮಾರಿ. ಬರೆದುಕೊಂಡರು. “ಹಾಗಾದ್ರೆ ಈ ಮೂರು ಸಲ ಹಣ ಹಂಚಿಲ್ಲ.”

ಚಕ್ರಪಾಣಿಯವರು ತಾವು ಹೇಳಿದ್ದನ್ನು ತಾವೇ ಇನ್ನೊಮ್ಮೆ ಮನಸ್ಸಿನಲ್ಲಿ ಕೇಳಿಕೊಳ್ಳುತ್ತಿದ್ದಂತೆ ಕಂಡಿತು. ಅವರ ಆಚಾರ ಬಾಗಿಲು ತೆರೆದುಕೊಟ್ಟ ಮೇಲೆ ಒಳಗೆ ಕಾಲಿಡುವುದಕ್ಕೆ ನನ್ನಂಥವಳಿಗೂ ಧೈರ್ಯ ಬಂತು.

“ನಾನು ಇರ್ಲಿಲ್ಲ ಮೇಡಂ” ಎಂದೆ. “ಅದು ನಾನು ಸಹಿ ಹಾಕಿದ ಸಮಯ. ಸಂಬಳ ಕೊಟ್ಟಿದ್ದನ್ನ ನಾನು ನೋಡಿಲ್ಲ. ನೋಡ್ದೇ ಬರೆದೆ. ತಪ್ಪು ನಂದು.”

“ತಪ್ಪು ನಿಮ್ದೂ ಹೌದು” ಎಂದರು ಅವರು, ನನ್ನನ್ನು ಸಮಾಧಾನಪಡಿಸುವ ಯಾವ ಆತುರವೂ ಇಲ್ಲದೆ. “ನಿಮ್ಮನ್ನ ನೇಮಿಸಿದ್ದು ಯಾರು?”

“ಸಭೆ.”

“ಸರಿ. ಸ್ವಾಮಿ, ಹದಿನೈದು ದಿನದಲ್ಲಿ ಇಪ್ಪತ್ತಾರು ಜನಕ್ಕೂ, ಈ ಸೂಪರ್‌ವೈಸರಿಗೂ ಮೂರು ತಿಂಗಳ ಸಂಬಳ ಪೂರ್ತಿ ಕೊಡಿ. ಲೋಹಿತನ್ನ ಹುಡುಕಿ ವಸೂಲಿ ಮಾಡ್ಕೊಳ್ಳೋದು ನಿಮ್ಮ ತಲೆನೋವು. ಇವ್ರದ್ದಲ್ಲ.”

“ಅಂದ್ರೆ ಒಂದೇ ಸಂಬಳ ನಾವು ಎರಡು ಸಲ ಕೊಟ್ಟ ಹಾಗಾಯ್ತಲ್ಲ ಮೇಡಂ?”

“ಇವ್ರು ಒಂದು ಸಲವೂ ತಗೊಂಡಿಲ್ವಲ್ಲ.”

ವಾಪಸ್ ಬರುವಾಗ ಚಕ್ರಪಾಣಿಯವರು ಒಬ್ಬರೇ ಆಟೋ ಹತ್ತಿದರು. ನಾನು ಬಸ್ಸಿನಲ್ಲಿ ಬಂದೆ. ಮರುದಿನ ಟೇಬಲಿನ ಮೇಲೆ ಮೆಮೋ ಇತ್ತು. ಸುಳ್ಳು ಪ್ರಮಾಣಪತ್ರದ ಬಗ್ಗೆ ಅದರಲ್ಲಿ ಒಂದಕ್ಷರವೂ ಇರಲಿಲ್ಲ. ‘ತಾವು ಸಭೆಯ ಸಂಪ್ರದಾಯಕ್ಕೆ ವಿರುದ್ಧವಾಗಿ ರಾಹುಕಾಲದಲ್ಲಿ ಸಹಿ ಮಾಡಿರುವುದು ಕಂಡುಬಂದಿದೆ. ಏಳು ದಿನದೊಳಗೆ ವಿವರಣೆ ನೀಡತಕ್ಕದ್ದು.’ ಹದಿನಾಲ್ಕು ವರ್ಷದಲ್ಲಿ ಮೊದಲ ಸಲ ಅವರು ನನ್ನನ್ನು ‘ತಾವು’ ಎಂದಿದ್ದರು. ಒಂದು ವರ್ಷದ ವೇತನ ಬಡ್ತಿ ನಿಲ್ಲಿಸುವುದಾಗಿ ಆಮೇಲೆ ಬಾಯಲ್ಲಿ ಹೇಳಿದರು. ಕೆಲಸದಿಂದ ತೆಗೆದರೆ ಕಾರಣ ಬರೆಯಬೇಕಾಗುತ್ತದೆ, ಕಾರಣವನ್ನು ಶಿವಕುಮಾರಿಯವರು ಓದಬಹುದು ಎಂದು ಯಾರೋ ಅವರಿಗೆ ತಿಳಿಸಿರಬೇಕು.

ಸಭೆಯ ದೊಡ್ಡತನವೆಂದರೆ, ಸೋಲನ್ನೂ ಅದು ಸಮಾರಂಭವಿಲ್ಲದೆ ಬಿಡುವುದಿಲ್ಲ. ಕೊಡಲೇಬೇಕಾದ ಮೇಲೆ ವೇದಿಕೆಯ ಮೇಲೇ ಕೊಡೋಣ ಎಂದು ತೀರ್ಮಾನವಾಯಿತು. ಹದಿನಾಲ್ಕನೆಯ ದಿನ, ಮಧ್ಯಾಹ್ನ ಹನ್ನೆರಡರ ಅಭಿಜಿನ್ ಮುಹೂರ್ತ. ಅರಿಶಿನ ಹಚ್ಚಿದ ಲಕೋಟೆಗಳಲ್ಲಿ ಚೆಕ್ಕು. ಹಿಂದೆ ಫ್ಲೆಕ್ಸು. ಅದರ ಒಕ್ಕಣೆ ತಿದ್ದಲು ಎಂದಿನಂತೆ ನನ್ನ ಟೇಬಲಿಗೇ ಬಂತು: ‘ಸಭೆಯ ವತಿಯಿಂದ ಬಡ ಶ್ರಮಿಕ ಮಹಿಳೆಯರಿಗೆ ಸಹಾಯಧನ ವಿತರಣೆ.’ ಕಾಗುಣಿತ ನೋಡಿ ಕಳಿಸು ಎಂದಿದ್ದರು. ಕಾಗುಣಿತ ಸರಿಯಾಗಿತ್ತು. ‘ಬಡ’ ಎಂಬುದನ್ನು ತೆಗೆದೆ. ‘ಸಹಾಯಧನ’ ಎಂಬುದನ್ನು ಹೊಡೆದುಹಾಕಿ ‘ಬಾಕಿ ಸಂಬಳ’ ಎಂದು ಬರೆದೆ. ಕಳಿಸಿದ ಮೇಲೆ ಎರಡು ಸಲ ಬಚ್ಚಲಿಗೆ ಹೋಗಿ ಮುಖ ತೊಳೆದುಕೊಂಡೆ. ಫ್ಲೆಕ್ಸಿನವನು ಕೊಟ್ಟದ್ದನ್ನು ಅಚ್ಚುಹಾಕುವವನು. ಅದು ವೇದಿಕೆಯ ಮೇಲೆ ಎಂಟು ಅಡಿ ಉದ್ದಕ್ಕೆ ಬಿಚ್ಚಿಕೊಂಡಾಗ ಹನ್ನೆರಡಕ್ಕೆ ಎರಡು ನಿಮಿಷವಿತ್ತು. ಚಕ್ರಪಾಣಿಯವರು ಅದನ್ನು ನೋಡಿದರು, ನನ್ನನ್ನು ನೋಡಿದರು, ಗಡಿಯಾರ ನೋಡಿದರು. ಮುಹೂರ್ತ ಮೀರುವಂತಿರಲಿಲ್ಲ.

ವೇದಿಕೆಯ ಮೂಲೆಯಲ್ಲಿ ನನಗೊಂದು ಸಣ್ಣ ಟೇಬಲು, ಅದರ ಮೇಲೆ ಹೊಸ ರಿಜಿಸ್ಟರು. ಅಧಿಕಾರಿ ಕೇಳಿದ್ದರು: ಪ್ರಮಾಣಪತ್ರ ಬೇಕು, ಅದೇ ಪ್ರತಿನಿಧಿಯಿಂದಲೇ. ನಾನು ಹೆಸರು ಕೂಗಿದೆ. ಚಕ್ರಪಾಣಿಯವರು ಪ್ರತಿ ಲಕೋಟೆಯನ್ನೂ ಕ್ಯಾಮರಾ ನೋಡುತ್ತ ಕೊಟ್ಟರು, ಹೆಂಗಸರು ಲಕೋಟೆಯನ್ನು ನೋಡುತ್ತ ತೆಗೆದುಕೊಂಡರು. ಸುಬ್ಬಮ್ಮ ಅಲ್ಲೇ ನಿಂತು ಲಕೋಟೆ ಹರಿದು ಮೊತ್ತ ಓದಿಸಿಕೊಂಡು ಕೆಳಗಿಳಿದಳು. ಆಂಜಿನಯ್ಯ ನನ್ನ ಕಡೆ ನೋಡದೆ ಹೋದ. ನಾನೂ ಅವನ ಕಡೆ ನೋಡಲಿಲ್ಲ. ಮೂರು ಶುಕ್ರವಾರ ನಾವಿಬ್ಬರೂ ಒಂದೇ ಟೇಬಲಿನ ಎರಡು ಬದಿಯಲ್ಲಿದ್ದವರು.

ಕೊನೆಯ ಹೆಸರು ಮುನಿಯಮ್ಮನದು. ಕಿವಿಯಲ್ಲಿ ಇನ್ನೂ ಕಡ್ಡಿಯೇ ಇತ್ತು. ಲಕೋಟೆ ತೆಗೆದುಕೊಂಡವಳು ಮೆಟ್ಟಿಲ ಕಡೆ ಹೋಗದೆ ನೇರ ನನ್ನ ಟೇಬಲಿಗೆ ಬಂದಳು. ನಾನು ಪೆನ್ನು ತೆರೆದು ಅಚ್ಚಾದ ವಾಕ್ಯದ ಕೆಳಗೆ ಇಟ್ಟಿದ್ದೆ. ಅವಳು ರಿಜಿಸ್ಟರಿನ ಮೇಲೆ ಅಂಗೈ ಇಟ್ಟಳು.

“ತಡೀರಿ. ನೋಡಿದ್ರಾ?”

“ನೋಡಿದೆ ಮುನಿಯಮ್ಮ.”

“ಯಾವ ಕೈಲಿ ಕೊಟ್ರು?”

“ಬಲಗೈಲಿ.”

ಅವಳು ಅಂಗೈ ತೆಗೆದಳು.

“ಹಾಂ. ಈಗ ಹಾಕಿ ಸಹಿ.”